ಮುಳುಗಡೆ ನೋಟಿಸ್ ಹಿಡಿದು ಸಂವಿಧಾನ ಓದುವುದು ಹೇಗೆ

ಸಂವಿಧಾನ ಓದಲೇಬೇಕು ಅಂತ ನಾನು ಮೊದಲ ಸಲ ಕೂತಾಗ ದೊಡ್ಡ ತಪ್ಪು ಮಾಡಿದೆ. ಹುಬ್ಬಳ್ಳಿಯ ಹಳೇ ಪುಸ್ತಕದಂಗಡಿಯೊಂದರಲ್ಲಿ ಇಟ್ಟಿಗೆಯಷ್ಟು ದಪ್ಪದ ವ್ಯಾಖ್ಯಾನ ಗ್ರಂಥ ಅಗ್ಗಕ್ಕೆ ಸಿಕ್ಕಿತು. ಬಾಗಲಕೋಟೆ ಬಸ್ಸಿನಲ್ಲಿ ತೊಡೆಯ ಮೇಲೆ ಇಟ್ಟುಕೊಂಡೇ ತಂದೆ. ಮೊದಲ ಪುಟದಿಂದ ಶುರು ಮಾಡಿದೆ, ಪ್ರಸ್ತಾವನೆ ದಾಟಲಿಲ್ಲ. ನಾಲ್ಕು ತಿಂಗಳಾದ ಮೇಲೆ ನೋಡಿದರೆ ನಮ್ಮವ್ವ ಅದನ್ನು ಉಪ್ಪಿನಕಾಯಿ ಭರಣಿಯ ಮುಚ್ಚಳದ ಮೇಲೆ ಭಾರಕ್ಕೆ ಇಟ್ಟಿದ್ದಳು. ಅದಕ್ಕಿಂತ ಬೇಜಾರಿನ ಸಂಗತಿ ಆಮೇಲೆ ಗೊತ್ತಾಯಿತು. ಅದು 1978ಕ್ಕೂ ಮೊದಲಿನ ಆವೃತ್ತಿ. ಅದರಲ್ಲಿ ಆಸ್ತಿಯ ಹಕ್ಕು ಇನ್ನೂ ಮೂಲಭೂತ ಹಕ್ಕಾಗಿಯೇ ಇತ್ತು!

ದಾರಿ ತೋರಿಸಿದವರು ಅಪ್ಪನ ಗೆಳೆಯರಾದ ಒಬ್ಬ ವಕೀಲ ಕಾಕಾ, ಭೂಸ್ವಾಧೀನದ ಕೇಸು ನಡೆಸುತ್ತಲೇ ತಲೆ ನರೆತವರು. "ತಮ್ಮಾ, ಹೊಲ ತಗೊಳ್ಳೂ ಮುಂದ ಮೊದಲ ಏನ್ ನೋಡ್ತಿ? ಉತಾರ ನೋಡ್ತಿ. ಊರ ಮಂದಿ ಆ ಹೊಲದ ಬಗ್ಗೆ ಏನ್ ಮಾತಾಡ್ತಾರ ಅನ್ನೂದು ಆಮ್ಯಾಲಿನ ಮಾತು," ಅಂದರು. ಉತಾರ ಅಂದರೆ ಹೊಲದ ಪಹಣಿ, ಇಲ್ಲಿ ಸಂವಿಧಾನದ ಮೂಲ ಪಾಠ. ಆಮೇಲೆ ಇನ್ನೊಂದು ಮಾತು ಸೇರಿಸಿದರು: "ನಿಮ್ಮ ಮನ್ಯಾಗ ಮುಳುಗಡಿ ನೋಟಿಸ್ ಐತಲ್ಲ, ಅದನ್ನ ಹಿಡಕೊಂಡು ಓದು."

ಈ ಬರಹ ಪೂರ್ತಿ ಆ ಎರಡು ಮಾತಿನ ವಿಸ್ತರಣೆ ಅಷ್ಟೇ. ಇಡೀ ಸಂವಿಧಾನವನ್ನು ಮೊದಲಿಂದ ಕೊನೆಯವರೆಗೆ ಓದಬೇಡಿ. ನಿಮ್ಮ ಮನೆ ಬಾಗಿಲಿಗೆ ಬಂದ ಒಂದೇ ಒಂದು ವಿಧಿ ಹಿಡಿಯಿರಿ. ಅದನ್ನೇ ಮೂಲ ಪಾಠದಲ್ಲಿ, ಸಂವಿಧಾನ ಸಭೆಯ ಚರ್ಚೆಯಲ್ಲಿ, ಇತಿಹಾಸದ ಪುಸ್ತಕದಲ್ಲಿ, ತೀರ್ಪುಗಳಲ್ಲಿ, ಕೊನೆಗೆ ವ್ಯಾಖ್ಯಾನದಲ್ಲಿ ಬೆನ್ನಟ್ಟಿ. ಒಂದು ವಿಧಿ ಮುಗಿಯುವ ಹೊತ್ತಿಗೆ ಈ ಐದೂ ಬಗೆಯ ಪುಸ್ತಕ ಹೇಗೆ ಬಳಸಬೇಕು ಅನ್ನುವುದು ಕೈಗೆ ಹತ್ತಿರುತ್ತದೆ.

ಯಾವ ವಿಧಿ ಹಿಡಿಯಬೇಕು

ನಾನು ಬಾಗಲಕೋಟೆಯವನು, ಹಾಗಾಗಿ ಆಯ್ಕೆ ಕಷ್ಟವಾಗಲಿಲ್ಲ. ಆಲಮಟ್ಟಿ ಹಿನ್ನೀರಿಗೆ ಹಳೇ ಊರಿನ ಮನೆ ಹೋಯಿತು, ನವನಗರಕ್ಕೆ ಬಂದೆವು. ನಮ್ಮ ಕಡೆ ಪ್ರತಿ ಎರಡನೇ ಮನೆಯ ಟ್ರಂಕಿನಲ್ಲಿ ನೋಟಿಸು, ಅವಾರ್ಡಿನ ನಕಲು, ಪರಿಹಾರದ ಚೆಕ್ಕಿನ ಜೆರಾಕ್ಸು ಇವೆ. ಸರ್ಕಾರ ನನ್ನ ಮನೆ ತೆಗೆದುಕೊಳ್ಳಬಹುದಾ? ತೆಗೆದುಕೊಂಡರೆ ಎಷ್ಟು ಕೊಡಬೇಕು? ಅಷ್ಟೇ ಕೊಡಬೇಕು ಅಂತ ಯಾರು ಹೇಳಿದರು? ಈ ಪ್ರಶ್ನೆಗಳ ಎಳೆ ಹಿಡಿದರೆ 31ನೇ ವಿಧಿ ಮತ್ತು 300ಎ ಸಿಗುತ್ತವೆ. ಮುಂದೆ ಅದನ್ನೇ ಉದಾಹರಣೆಯಾಗಿ ಬಳಸುತ್ತೇನೆ.

ನಿಮ್ಮದು ಬೇರೆ ಇರಬಹುದು. ಬೆಳಗಾವಿಯ ನನ್ನ ಗೆಳೆಯ 3 ಮತ್ತು 131 ಹಿಡಿದ, ಯಾಕೆಂದರೆ ಮಹಾರಾಷ್ಟ್ರ 2004ರಲ್ಲಿ ಸುಪ್ರೀಂ ಕೋರ್ಟಿನಲ್ಲಿ ಹಾಕಿದ ಗಡಿ ದಾವೆ 131ರ ಅಡಿಯಲ್ಲಿಯೇ ಇದೆ. ಪಂಚಾಯಿತಿಯಲ್ಲಿ ಓಡಾಡುವವರಿಗೆ 243ರ ಗುಂಪು ಇದೆ, ನೌಕರಿಗೆ ಅರ್ಜಿ ಹಾಕಿ ಕೂತವರಿಗೆ 16. ಒಂದೇ ಎಚ್ಚರಿಕೆ: ನೀವು ಬಾಗಲಕೋಟೆಯವರೋ ವಿಜಯಪುರದವರೋ ಆಗಿದ್ದು 371ಜೆ ಹಿಡಿದರೆ ನಿರಾಸೆ ಖಂಡಿತ. ಅದು ಹಳೇ ಹೈದರಾಬಾದ್ ಸೀಮೆಗೆ ಸೇರಿದ್ದು. ನಾವು 1956ರವರೆಗೆ ಮುಂಬೈ ರಾಜ್ಯದವರು.

ಮೊದಲು ಉತಾರ: ಮೂಲ ಪಾಠ

ಪುಸ್ತಕದಂಗಡಿಯಲ್ಲಿ 'ಬೇರ್ ಆ್ಯಕ್ಟ್' ಅಂತ ಕೇಳಿ. ಯಾರ ವಿವರಣೆಯೂ ಇಲ್ಲದ, ಬರೀ ಸಂವಿಧಾನದ ಪಠ್ಯ ಇರುವ ಪುಸ್ತಕ ಅದು. ಕೋಟಿನ ಜೇಬಿಗೆ ಹಿಡಿಸುವ ಪುಟ್ಟದ್ದೂ ಸಿಗುತ್ತದೆ, ಆದರೆ ಅದರ ಅಕ್ಷರ ಬಹಳ ಸಣ್ಣದು, ನಲವತ್ತು ದಾಟಿದವರು ದೊಡ್ಡದನ್ನೇ ತಗೊಳ್ಳಿ. ರೊಕ್ಕ ಕೊಡುವ ಮೊದಲು ಎಷ್ಟನೇ ತಿದ್ದುಪಡಿಯವರೆಗೆ ಸೇರಿಸಿದ್ದಾರೆ ನೋಡಿ. ಮಹಿಳಾ ಮೀಸಲಾತಿಯ 106ನೇ ತಿದ್ದುಪಡಿ, 2023ರದು, ಅದರಲ್ಲಿ ಇರಲೇಬೇಕು. ಇಲ್ಲದಿದ್ದರೆ ವಾಪಸ್ ಇಡಿ. ರೊಕ್ಕ ಖರ್ಚು ಮಾಡುವುದೇ ಬೇಡ ಅನ್ನುವವರಿಗೆ ಕೇಂದ್ರ ಕಾನೂನು ಸಚಿವಾಲಯದ ಜಾಲತಾಣದಲ್ಲಿ ಪಿಡಿಎಫ್ ಪುಕ್ಕಟೆ ಸಿಗುತ್ತದೆ.

ಕನ್ನಡದಲ್ಲಿ ಓದಬೇಕೋ ಇಂಗ್ಲಿಷಿನಲ್ಲೋ? ಎರಡೂ ಪಕ್ಕಪಕ್ಕ ಇಟ್ಟುಕೊಳ್ಳಿ ಅನ್ನುತ್ತೇನೆ. ಸರ್ಕಾರ ಹೊರತಂದ ಕನ್ನಡ ಅನುವಾದ ಇದೆ. ಅದರ ಭಾಷೆ ಮೊದಲು ಹೆದರಿಸುತ್ತದೆ, ಹತ್ತು ಪುಟವಾದರೆ ಒಗ್ಗುತ್ತದೆ. ಪದಗಳ ಗೊಂದಲ ಮಾತ್ರ ಮೊದಲೇ ಬಿಡಿಸಿಕೊಳ್ಳಿ. ನಾವು ಪೇಪರಿನಲ್ಲಿ 'ವಿಧಿ' ಅಂತ ಓದುವುದು ಸರ್ಕಾರಿ ಕನ್ನಡದಲ್ಲಿ 'ಅನುಚ್ಛೇದ'. ಶೆಡ್ಯೂಲ್ ಅಲ್ಲಿ 'ಅನುಸೂಚಿ', ಆದರೆ ಎಂಟನೇ ಅನುಸೂಚಿಯನ್ನು ಪೇಪರಿನವರು 'ಎಂಟನೇ ಪರಿಚ್ಛೇದ' ಅಂತ ಬರೆದುಬಿಡುತ್ತಾರೆ, ಅದೇ ಪೇಪರು ಇನ್ನೊಂದು ದಿನ ವಿಧಿಗೂ 'ಪರಿಚ್ಛೇದ' ಅನ್ನುತ್ತದೆ. 'ಪರಂತು' ಅಂತ ಶುರುವಾಗುವ ಸಾಲು ಬಂದರೆ ಪೆನ್ಸಿಲ್ ತಗೊಳ್ಳಿ. ಮೇಲೆ ಕೊಟ್ಟದ್ದನ್ನು ಕೆಳಗೆ ಅರ್ಧ ಕಿತ್ತುಕೊಳ್ಳುವುದು ಅಲ್ಲೇ. ಇನ್ನು ಕಾಯ್ದೆಯ ಸೆಕ್ಷನ್ನಿಗೆ ನಮ್ಮ ಕಡೆ 'ಕಲಂ' ಅಂತಲೇ ಅನ್ನುತ್ತಾರೆ. ಸಂವಿಧಾನಕ್ಕೆ ವಿಧಿ, ಕಾಯ್ದೆಗೆ ಕಲಂ, ಇಷ್ಟು ನೆನಪಿಟ್ಟರೆ ಸಾಕು.

ಈಗ 31ನೇ ವಿಧಿ ತೆಗೆಯಿರಿ. ಅಲ್ಲಿ ಏನೂ ಇಲ್ಲ! ಶೀರ್ಷಿಕೆ ಇದೆ, 44ನೇ ತಿದ್ದುಪಡಿಯಿಂದ ಬಿಟ್ಟುಬಿಡಲಾಗಿದೆ, 20-6-1979ರಿಂದ ಜಾರಿ ಅಂತ ಒಂದು ಸಾಲು ಇದೆ. ನನಗೆ ಮೊದಲ ಸಲ ಇದು ನಮ್ಮ ಹಳೇ ಮನೆಯ ಜಾಗ ನೋಡಿದ ಹಾಗೇ ಅನಿಸಿತು, ನಂಬರ್ ಇದೆ, ಮನೆ ಇಲ್ಲ.

ಇಲ್ಲಿ ಉತಾರ ಓದುವ ರೂಢಿ ಉಪಯೋಗಕ್ಕೆ ಬರುತ್ತದೆ. ಉತಾರದಲ್ಲಿ ಮಾಲೀಕನ ಹೆಸರಿಗಿಂತ ಎಂ.ಆರ್. ನಂಬರು, ಅಂದರೆ ಹಕ್ಕು ಬದಲಾವಣೆಯ ನಂಬರು, ಮುಖ್ಯ ಅಲ್ವಾ? ಆ ಹೆಸರು ಹೇಗೆ ಬಂತು, ವಾರಸಾನೋ ಖರೀದಿನೋ ಅಂತ ಹೇಳುವುದು ಅದೇ. ಸಂವಿಧಾನದ ಪುಟದ ತಳದಲ್ಲಿರುವ ಅಡಿಟಿಪ್ಪಣಿಗಳು ಹಾಗೆಯೇ. ಯಾವ ಪದ ಯಾವ ತಿದ್ದುಪಡಿಯಿಂದ ಬಂತು, ಯಾವ ದಿನದಿಂದ, ಮೊದಲು ಏನಿತ್ತು ಎಲ್ಲ ಅಲ್ಲಿರುತ್ತದೆ. ಬಹಳ ಮಂದಿ ಅದನ್ನು ಓದುವುದೇ ಇಲ್ಲ. ನೀವು ಅಡಿಟಿಪ್ಪಣಿಯಿಂದಲೇ ಶುರು ಮಾಡಿ.

ಹಾಗೆ ಹುಡುಕಿದರೆ ಅದೇ 44ನೇ ತಿದ್ದುಪಡಿ 19(1)(ಎಫ್) ಅನ್ನೂ ತೆಗೆದದ್ದು ಗೊತ್ತಾಗುತ್ತದೆ. ಆಸ್ತಿ ಗಳಿಸುವ, ಇಟ್ಟುಕೊಳ್ಳುವ, ಮಾರುವ ಸ್ವಾತಂತ್ರ್ಯ ಅಲ್ಲಿತ್ತು. ಎರಡನ್ನೂ ತೆಗೆದು, ದೂರದ 12ನೇ ಭಾಗದಲ್ಲಿ 300ಎ ಅನ್ನುವ ಒಂದೇ ಸಾಲಿನ ವಿಧಿ ಕಟ್ಟಿದರು: ಕಾನೂನಿನ ಅಧಿಕಾರವಿಲ್ಲದೆ ಯಾರ ಆಸ್ತಿಯನ್ನೂ ಕಸಿಯುವಂತಿಲ್ಲ. ಪರಿಹಾರ ಅನ್ನುವ ಪದವೇ ಅಲ್ಲಿಲ್ಲ. ಹಳೇ ಊರಿಂದ ನವನಗರಕ್ಕೆ ಬಂದ ಹಾಗೆ, ಮೂಲಭೂತ ಹಕ್ಕಿನ ಓಣಿಯಿಂದ ಎದ್ದು ಬೇರೆ ಓಣಿಗೆ ಬಂತು ಅನ್ನಿ. ವ್ಯತ್ಯಾಸ ಏನು? ಮೂಲಭೂತ ಹಕ್ಕಿದ್ದರೆ 32ನೇ ವಿಧಿ ಹಿಡಿದು ನೇರವಾಗಿ ಸುಪ್ರೀಂ ಕೋರ್ಟಿಗೆ ಹೋಗಬಹುದು. 300ಎ ಮಾತ್ರ ಹಿಡಿದರೆ 226ರ ಅಡಿ ಹೈಕೋರ್ಟಿಗೆ, ಅಂದರೆ ನಮಗೆ ಧಾರವಾಡ ಪೀಠಕ್ಕೆ. "ಆಸ್ತಿ ಹಕ್ಕು ಈಗ ಇಲ್ಲವೇ ಇಲ್ಲ" ಅಂತ ವಾಟ್ಸ್ಯಾಪಿನಲ್ಲಿ ಬರುವುದೆಲ್ಲ ಸುಳ್ಳು. ಹಕ್ಕು ಇದೆ, ಓಣಿ ಬದಲಾಗಿದೆ.

ಇಷ್ಟಕ್ಕೆ ಮೂಲ ಪಾಠ ಮುಚ್ಚಬೇಡಿ. 31 ಹೋದರೂ 31ಎ, 31ಬಿ, 31ಸಿ ಹಾಗೇ ಉಳಿದಿವೆ. 31ಬಿ ನಿಮ್ಮನ್ನು ಒಂಬತ್ತನೇ ಅನುಸೂಚಿಗೆ ಕಳಿಸುತ್ತದೆ. ಅಲ್ಲಿ ಹಾಕಿದ ಕಾಯ್ದೆಗಳನ್ನು ಮೂಲಭೂತ ಹಕ್ಕಿನ ಹೆಸರಲ್ಲಿ ಕೋರ್ಟು ಹೊಡೆದುಹಾಕಬಾರದು ಅನ್ನುವುದು ಅದರ ಉದ್ದೇಶ. 1951ರಲ್ಲಿ ಅದರಲ್ಲಿ 13 ಕಾಯ್ದೆ ಇದ್ದವು. ಎರಡನೆಯದು 1948ರ ಮುಂಬೈ ಗೇಣಿ ಕಾಯ್ದೆ, ನಮ್ಮ ಹಿರಿಯರು 'ಕುಳ ಕಾಯ್ದೆ' ಅನ್ನುತ್ತಿದ್ದರಲ್ಲ, ಅದು. ಏಳನೆಯದು 1950ರ ಮುಂಬೈ ಪರಗಣಾ ಮತ್ತು ಕುಲಕರ್ಣಿ ವತನ ರದ್ದತಿ ಕಾಯ್ದೆ. ವತನ ಅಂದರೆ ವಂಶಪಾರಂಪರ್ಯ ಹುದ್ದೆಗೆ ಸಿಗುತ್ತಿದ್ದ ಜಮೀನು, ಮಾನ್ಯ. ನಮ್ಮ ಓದಿನ ಗುಂಪಿನಲ್ಲಿ ಕುಲಕರ್ಣಿ ಅಡ್ಡಹೆಸರಿನ ಗೆಳೆಯ ಒಬ್ಬನಿದ್ದಾನೆ. ಇದನ್ನು ತೋರಿಸಿದಾಗ ಅವನು ಒಂದು ನಿಮಿಷ ಸುಮ್ಮನಿದ್ದು, "ನಮ್ಮಜ್ಜ ಬೈತಿದ್ದದ್ದು ಇದಕ್ಕನಾ?" ಅಂದ. ಸಂವಿಧಾನದೊಳಗೆ ತಮ್ಮ ಅಡ್ಡಹೆಸರು ಕಂಡವರು ಎಷ್ಟು ಮಂದಿ ಇರುತ್ತಾರೆ ಹೇಳಿ.

ಎರಡನೆಯದು: ಹುಟ್ಟಿದ ದಿನದ ಜಗಳ

ಸಂವಿಧಾನ ಸಭೆ ಮೊದಲು ಕೂತದ್ದು 1946ರ ಡಿಸೆಂಬರ್ 9. ಅಲ್ಲಿ ಆಡಿದ ಮಾತೆಲ್ಲ 12 ಸಂಪುಟಗಳಲ್ಲಿ ಅಚ್ಚಾಗಿದೆ, ಅಂತರ್ಜಾಲದಲ್ಲೂ ಇದೆ. ಇವನ್ನು ಪುಸ್ತಕದ ಹಾಗೆ ಓದಬೇಡಿ, ಸತ್ತೇ ಹೋಗುತ್ತೀರಿ. ಮೊದಲು ಒಂದೇ ಒಂದು ಭಾಷಣ ಓದಿ. 1948ರ ನವೆಂಬರ್ 4ರಂದು ಕರಡನ್ನು ಸಭೆಯ ಮುಂದಿಟ್ಟು ಅಂಬೇಡ್ಕರ್ ಮಾಡಿದ್ದು. ಎದುರಾಳಿ ಏನು ಕೇಳಬಹುದು ಅಂತ ಮೊದಲೇ ಎಣಿಸಿ ಒಂದೊಂದಕ್ಕೆ ಉತ್ತರ ಕೊಡುವ ಭಾಷಣ ಅದು. ವಕೀಲಿ ಕಲಿಯುವವರಿಗೆ ಇದಕ್ಕಿಂತ ಒಳ್ಳೆ ಪಾಠ ನನಗೆ ಗೊತ್ತಿಲ್ಲ.

ಆಮೇಲೆ ನಿಮ್ಮ ವಿಧಿಯ ದಿನಕ್ಕೆ ಹೋಗಿ. ಇಲ್ಲೊಂದು ಗುಂಡಿ ಇದೆ, ನಾನು ಅದರಲ್ಲಿ ಬಿದ್ದು ಎರಡು ಭಾನುವಾರ ಕಳೆದೆ. ಕರಡಿನ ನಂಬರ್ ಬೇರೆ, ಈಗಿನ ನಂಬರ್ ಬೇರೆ. ಈಗಿನ 31 ಕರಡಿನಲ್ಲಿ 24. ಈಗಿನ 19 ಆಗ 13. ಅಸ್ಪೃಶ್ಯತೆಯ 17 ಆಗ 11. 21 ಆಗ 15, 32 ಆಗ 25, 356 ಆಗ 278. ಚರ್ಚೆಯಲ್ಲಿ '31' ಅಂತ ಹುಡುಕಿದರೆ ಬೇರೆಯೇ ವಿಧಿಯ ಚರ್ಚೆ ಬರುತ್ತದೆ. ಮೊದಲು ನಂಬರ್ ಹೊಂದಿಸಿಕೊಂಡು ಆಮೇಲೆ ಹುಡುಕಿ.

24ನೇ ಕರಡು ವಿಧಿಯ ಚರ್ಚೆ ಒಂಬತ್ತನೇ ಸಂಪುಟದಲ್ಲಿದೆ. 1949ರ ಸೆಪ್ಟೆಂಬರ್ 10ಕ್ಕೆ ಸ್ವತಃ ನೆಹರೂ ಅದರ ತಿದ್ದಿದ ರೂಪ ಮಂಡಿಸಿದರು, 12ರಂದು ಮುಂದುವರಿಯಿತು. ಓದುವಾಗ ಒಂದು ಪದದ ಮೇಲೆ ಕಣ್ಣಿಡಿ. ಪರಿಹಾರ ಕೊಡಬೇಕು ಅಂತ ಬರೆದರು, ಆದರೆ 'ನ್ಯಾಯವಾದ' ಪರಿಹಾರ ಅಂತ ಬರೆಯಲಿಲ್ಲ. ಮರೆತು ಬಿಟ್ಟದ್ದಲ್ಲ, ಬೇಕಂತಲೇ ಬಿಟ್ಟದ್ದು. ಜಮೀನ್ದಾರಿ ತೆಗೆಯುವ ಕೆಲಸ ನಡೆದಿತ್ತು, ಪೂರ್ತಿ ಮಾರುಕಟ್ಟೆ ಬೆಲೆ ಕೊಡಬೇಕು ಅಂತ ಕೋರ್ಟು ಹಿಡಿದು ಕೂತರೆ ಯಾವ ಸರ್ಕಾರದ ಬಳಿಯೂ ಅಷ್ಟು ರೊಕ್ಕ ಇರಲಿಲ್ಲ. ಅದಕ್ಕೇ 31ರಲ್ಲಿ 4 ಮತ್ತು 6ನೇ ಖಂಡ ಅಂತ ಜಮೀನ್ದಾರಿ ಕಾಯ್ದೆಗಳಿಗೆ ಬೇರೆ ಬೇಲಿ ಹಾಕಿದರು.

ಇದರ ಜತೆಗೆ ಎರಡು ಹಳೆಯ ಕಾಗದ ನೋಡಿ. ಒಂದು, 1935ರ ಭಾರತ ಸರ್ಕಾರ ಕಾಯ್ದೆಯ 299ನೇ ಕಲಂ. ನಮ್ಮ 31ರ ಅಪ್ಪ ಯಾರು ಅನ್ನುವುದು ಅಲ್ಲಿ ಗೊತ್ತಾಗುತ್ತದೆ, ಮುಖಚಹರೆ ಅಷ್ಟು ಹೊಂದುತ್ತದೆ. ಎರಡು, 1947ರಲ್ಲಿ ಅಂಬೇಡ್ಕರ್ ಬರೆದುಕೊಟ್ಟ 'ರಾಜ್ಯಗಳು ಮತ್ತು ಅಲ್ಪಸಂಖ್ಯಾತರು' ಮನವಿ. ಕೃಷಿಭೂಮಿಯೆಲ್ಲ ಸರ್ಕಾರದ ಒಡೆತನಕ್ಕೆ ಬರಬೇಕು ಅಂತ ಅವರು ಅದರಲ್ಲಿ ಹೇಳಿದ್ದರು. ಎರಡು ವರ್ಷದ ಮೇಲೆ ಸಭೆ ಒಪ್ಪಿದ ವಿಧಿ ಎಷ್ಟು ಬೇರೆ ಇದೆ ನೋಡಿ. ಸಂವಿಧಾನವನ್ನು ಒಬ್ಬರೇ ಕೂತು ತಮಗೆ ತಿಳಿದಂತೆ ಬರೆದರು ಅಂದುಕೊಂಡವರು ಇವೆರಡನ್ನೂ ಪಕ್ಕಪಕ್ಕ ಇಟ್ಟು ಓದಬೇಕು. ಅಂಬೇಡ್ಕರ್ ಬರಹ ಮತ್ತು ಭಾಷಣಗಳ ಕನ್ನಡ ಸಂಪುಟಗಳನ್ನು ರಾಜ್ಯ ಸರ್ಕಾರ ತಂದಿದೆ, ಗ್ರಂಥಾಲಯದಲ್ಲಿ ಕೇಳಿ.

ಸಮಿತಿಗಳ ಒಳಗಿನ ಟಿಪ್ಪಣಿ, ಕರಡಿನ ಬೇರೆ ಬೇರೆ ರೂಪ ಬೇಕಾದರೆ ಬಿ. ಶಿವರಾವ್ ಸಂಪಾದಿಸಿದ ಐದು ಸಂಪುಟಗಳಿವೆ. ಇವರು ಮಂಗಳೂರಿನವರು, ಸಂವಿಧಾನ ಸಭೆಯ ಸಲಹೆಗಾರರಾಗಿದ್ದ ಬಿ.ಎನ್. ರಾವ್ ಅವರ ತಮ್ಮ. ಕೊಳ್ಳುವ ಪುಸ್ತಕವಲ್ಲ. ಧಾರವಾಡಕ್ಕೆ ಬೇರೆ ಕೆಲಸಕ್ಕೆ ಹೋದಾಗ ವಿಶ್ವವಿದ್ಯಾಲಯದ ಗ್ರಂಥಾಲಯದಲ್ಲಿ ಕೇಳಿ ನೋಡಿ, ಹಿಂದಿನ ಪದಸೂಚಿ ತೆಗೆದು ನಿಮ್ಮ ವಿಧಿಯ ಪುಟಗಳನ್ನಷ್ಟೇ ಓದಿಕೊಂಡು ಬನ್ನಿ.

ಇತಿಹಾಸದ ಪುಸ್ತಕ ಈಗ

ಮೂಲ ಪಾಠ ಮತ್ತು ಚರ್ಚೆ ಓದದೆ ಇತಿಹಾಸಕ್ಕೆ ಕೈ ಹಾಕಿದರೆ ಬರೆದವನು ಹೇಳಿದ್ದೇ ಸತ್ಯ ಅನಿಸುತ್ತದೆ. ಈಗ ನಿಮ್ಮ ಕೈಯಲ್ಲಿ ಉತಾರ ಇದೆ, ಇನ್ನು ಯಾರ ಮಾತು ಬೇಕಾದರೂ ಕೇಳಬಹುದು.

ಗ್ರಾನ್‌ವಿಲ್ ಆಸ್ಟಿನ್ ಎಂಬ ಅಮೆರಿಕದ ಇತಿಹಾಸಕಾರನ ಎರಡು ಪುಸ್ತಕ ಎಲ್ಲರೂ ಹೇಳುತ್ತಾರೆ. 1966ರದು ಸಂವಿಧಾನ ಕಟ್ಟಿದ ಕತೆ, 1999ರದು ಅದು ನಡೆದು ಬಂದ ಕತೆ. ಆಸ್ತಿಯ ಎಳೆ ಹಿಡಿದವರಿಗೆ ಎರಡನೆಯದೇ ಜಾಸ್ತಿ ಉಪಯೋಗ. ನೆಹರೂ ಕಾಲದಿಂದ ಇಂದಿರಾ ಕಾಲದವರೆಗೆ ಸಂಸತ್ತು, ಕೋರ್ಟು ಹೇಗೆ ಹಗ್ಗ ಎಳೆದಾಡಿದವು ಅನ್ನುವುದು ಅಲ್ಲಿ ಚೆನ್ನಾಗಿದೆ. ನನ್ನದೊಂದು ತಕರಾರು ಮಾತ್ರ ಇದೆ. ಎಲ್ಲವೂ ದಿಲ್ಲಿಯ ಕೋಣೆಗಳಲ್ಲೇ ನಡೆಯುತ್ತದೆ, ಹೊಲ ಕಳಕೊಂಡವನ ಮುಖ ಕಾಣುವುದಿಲ್ಲ. ಅದಕ್ಕೆ ರೋಹಿತ್ ಡೇ ಅವರ 2018ರ ಪುಸ್ತಕ ಜತೆಗಿರಲಿ. ಆಸ್ತಿಯ ಬಗ್ಗೆ ಅಲ್ಲ ಅದು. ಹೊಸ ಸಂವಿಧಾನ ಬಂದ ಕೂಡಲೇ ಕಸಾಯಿಗಳು, ವ್ಯಾಪಾರಿಗಳು, ವೇಶ್ಯೆಯರು ಅದನ್ನು ಹಿಡಿದು ಕೋರ್ಟಿಗೆ ಹೋದ ಕತೆ. ಸಾಮಾನ್ಯ ಮನುಷ್ಯನ ಕಾಗದಪತ್ರದಿಂದ ಇತಿಹಾಸ ಹೇಗೆ ಬರೆಯಬಹುದು ಅಂತ ತೋರಿಸುತ್ತದೆ. ನಮ್ಮ ಟ್ರಂಕಿನ ಕಾಗದಗಳ ಮೇಲೆ ಗೌರವ ಹುಟ್ಟಿದ್ದೇ ಅದನ್ನು ಓದಿದ ಮೇಲೆ.

ಬೇರೆ ದೇಶದ ಸಂವಿಧಾನ ಓದಬೇಕಾ? ಪೂರ್ತಿ ಬೇಡ, ನಿಮ್ಮ ವಿಧಿಗೆ ಹೊಂದುವ ಸಾಲು ಸಾಕು. 1791ರ ಅಮೆರಿಕದ ಐದನೇ ತಿದ್ದುಪಡಿಯಲ್ಲಿ 'ನ್ಯಾಯವಾದ ಪರಿಹಾರ' ಅಂತ ಇದೆ. 1901ರ ಆಸ್ಟ್ರೇಲಿಯಾದ ಸಂವಿಧಾನದ 51ನೇ ಕಲಮಿನಲ್ಲಿ 'ನ್ಯಾಯವಾದ ಷರತ್ತು' ಅಂತ ಇದೆ. ನಮ್ಮವರು ಇವನ್ನೆಲ್ಲ ಬಲ್ಲವರೇ. ಬಿ.ಎನ್. ರಾವ್ 1947ರ ಕೊನೆಗೆ ಅಮೆರಿಕ, ಕೆನಡಾ, ಐರ್ಲೆಂಡ್, ಬ್ರಿಟನ್ ಸುತ್ತಿ ಅಲ್ಲಿನ ನ್ಯಾಯಾಧೀಶರನ್ನೂ ಪಂಡಿತರನ್ನೂ ಕಂಡು ಬಂದಿದ್ದರು. ಒಂದೊಂದು ಸಾಲು ಪಕ್ಕಪಕ್ಕ ಬರೆದುಕೊಂಡರೆ ನಮ್ಮ ವಿಧಿಯಲ್ಲಿ ಏನು ಇಲ್ಲ ಅನ್ನುವುದು ಎದ್ದು ಕಾಣುತ್ತದೆ. ಸಂವಿಧಾನ ಓದುವಾಗ ಇಲ್ಲದ್ದನ್ನು ಓದುವುದೇ ಕಷ್ಟದ ಕೆಲಸ.

ತೀರ್ಪು: ಇಲ್ಲಿ ನಿಧಾನ

ಎಲ್ಲರೂ ಜಾರುವುದು ಇಲ್ಲೇ. ಸಂವಿಧಾನದ ಮೂಲ ರಚನೆಯನ್ನು ಸಂಸತ್ತು ಕೆಡಿಸುವಂತಿಲ್ಲ ಅಂದ 1973ರ ಕೇಶವಾನಂದ ಭಾರತಿ ಕೇಸಿನಿಂದ ಶುರು ಮಾಡುತ್ತಾರೆ, ಮುಗೀತು ಕತೆ. 13 ನ್ಯಾಯಮೂರ್ತಿಗಳು, 68 ದಿನ ವಾದ, 11 ಬೇರೆ ಬೇರೆ ತೀರ್ಪು, ಕೊನೆಗೆ 7-6. ಯಾರು ಯಾವುದನ್ನು ಒಪ್ಪಿದರು ಅಂತ ಹೇಳಲು 9 ನ್ಯಾಯಮೂರ್ತಿಗಳು ಸಹಿ ಮಾಡಿದ ಒಂದು ಸಾರಾಂಶವನ್ನೇ ಬೇರೆ ಕೊಡಬೇಕಾಯಿತು, ಉಳಿದ 4 ಮಂದಿ ಅದಕ್ಕೆ ಸಹಿ ಹಾಕಲಿಲ್ಲ. ಇಂಥದ್ದನ್ನು ಹೊಸಬರು ಮೊದಲ ದಿನವೇ ಹಿಡಿಯುವುದು ಈಜು ಕಲಿಯಲು ತುಂಬಿದ ಘಟಪ್ರಭೆಗೆ ಇಳಿದ ಹಾಗೆ.

ಚಿಕ್ಕದರಿಂದ ಶುರು ಮಾಡಿ. ಬೇಲಾ ಬ್ಯಾನರ್ಜಿ ಕೇಸು, 1953. ಪಶ್ಚಿಮ ಬಂಗಾಳದ ಕಾಯ್ದೆಯೊಂದು ಯಾವಾಗ ಜಮೀನು ತೆಗೆದುಕೊಂಡರೂ ಪರಿಹಾರ 1946ರ ಡಿಸೆಂಬರ್ 31ರ ಬೆಲೆ ಮೀರಬಾರದು ಅಂತ ಹೇಳಿತ್ತು. ಪರಿಹಾರ ಅಂದರೆ ಕಳಕೊಂಡದ್ದಕ್ಕೆ ಸರಿಸಮ ಇರಬೇಕು ಅಂತ ಸುಪ್ರೀಂ ಕೋರ್ಟು ಹೇಳಿತು. ಅಂದರೆ ಸಂವಿಧಾನ ಸಭೆ ಬೇಕಂತಲೇ ಬಿಟ್ಟ 'ನ್ಯಾಯವಾದ' ಅನ್ನುವುದನ್ನು ಕೋರ್ಟು ಹಿಂಬಾಗಿಲಿಂದ ಒಳಗೆ ತಂದಿತು! ಸಂಸತ್ತಿಗೆ ಸಿಟ್ಟು ಬಂತು, 1955ರಲ್ಲಿ ನಾಲ್ಕನೇ ತಿದ್ದುಪಡಿ ತಂದು ಪರಿಹಾರ ಸಾಕೋ ಸಾಲದೋ ಅಂತ ಕೋರ್ಟು ಕೇಳಬಾರದು ಅಂದರು. ಚರ್ಚೆ ಓದಿ ಬಂದವರಿಗೆ ಈ ತೀರ್ಪು ಪತ್ತೇದಾರಿ ಕಾದಂಬರಿಯ ಹಾಗೆ ಓದಿಸಿಕೊಳ್ಳುತ್ತದೆ. ಓದದವರಿಗೆ ಬರೀ ಕಾನೂನು.

ತೀರ್ಪು ಓದುವ ನನ್ನ ಕ್ರಮ ಹೀಗಿದೆ. ಮೇಲಿನ ಹೆಡ್‌ನೋಟ್ ಓದುತ್ತೇನೆ, ಆದರೆ ನಂಬುವುದಿಲ್ಲ. ಅದು ತೀರ್ಪು ಅಚ್ಚು ಹಾಕುವವರು ಬರೆದ ಸಾರಾಂಶ, ತೀರ್ಪಿನ ಭಾಗವಲ್ಲ. ಆಮೇಲೆ ನೇರ ಕೊನೆಗೆ ಹೋಗಿ ಆದೇಶ ಏನು, ಯಾರು ಗೆದ್ದರು ಅಂತ ನೋಡುತ್ತೇನೆ. ಆಮೇಲೆ ಮೊದಲಿಗೆ ಬಂದು ಏನಾಯಿತು ಅನ್ನುವುದನ್ನು ನನ್ನ ಮಾತಿನಲ್ಲಿ ನಾಲ್ಕು ಸಾಲು ಬರೆಯುತ್ತೇನೆ. ಮನೆಯಲ್ಲಿ ಅಪ್ಪನಿಗೆ ಹೇಳಿದರೆ ಅರ್ಥವಾಗಬೇಕು, ಆಗದಿದ್ದರೆ ನನಗೂ ಆಗಿಲ್ಲ ಅಂತ ಲೆಕ್ಕ. ಕೋರ್ಟಿನ ಮುಂದಿದ್ದ ಪ್ರಶ್ನೆ ಯಾವುದು ಅಂತ ಒಂದು ವಾಕ್ಯ. ಆ ಪ್ರಶ್ನೆಗೆ ಉತ್ತರ ಕೊಡಲು ಬೇಕಾದ ಕಾರಣ ಯಾವುದು, ದಾರಿಯಲ್ಲಿ ಸುಮ್ನೆ ಆಡಿದ ಮಾತು ಯಾವುದು ಅಂತ ಬೇರೆ ಮಾಡಬೇಕು, ಮೊದಲನೆಯದು ಮಾತ್ರ ಮುಂದಿನ ಕೋರ್ಟುಗಳನ್ನು ಕಟ್ಟಿಹಾಕುತ್ತದೆ. ಎಷ್ಟು ನ್ಯಾಯಮೂರ್ತಿಗಳಿದ್ದರು ಅನ್ನುವುದನ್ನು ತಪ್ಪದೆ ಬರೆದುಕೊಳ್ಳಿ. ಐವರು ಹೇಳಿದ್ದನ್ನು ಇಬ್ಬರು ಅಳಿಸಲಾಗುವುದಿಲ್ಲ.

ಹೀಗೆ ಒಂದಾದ ಮೇಲೆ ಒಂದು ಓದುತ್ತ ಹೋದರೆ ಸರಪಳಿ ಕಾಣುತ್ತದೆ. 1951ರ ಶಂಕರಿ ಪ್ರಸಾದ್ ಕೇಸಿನಲ್ಲಿ, 31ಎ, 31ಬಿ ಮತ್ತು ಒಂಬತ್ತನೇ ಅನುಸೂಚಿ ತಂದ ಮೊದಲನೇ ತಿದ್ದುಪಡಿ ಸರಿ ಅಂದರು. 1967ರ ಗೋಲಕನಾಥ ಕೇಸಿನಲ್ಲಿ 11 ಮಂದಿ ಕೂತು, 6-5ರಲ್ಲಿ, ಇನ್ನು ಮುಂದೆ ಮೂಲಭೂತ ಹಕ್ಕು ಕಡಿಮೆ ಮಾಡುವ ತಿದ್ದುಪಡಿ ಇಲ್ಲ ಅಂದರು. ಗೋಲಕನಾಥ ಅಂದರೆ ಪಂಜಾಬಿನ ಕೇಸು ಅಂತ ಮಾತ್ರ ಗೈಡುಗಳಲ್ಲಿ ಬರೆಯುತ್ತಾರೆ, ತೀರ್ಪು ತೆರೆದರೆ ಅದರ ಜತೆಗೆ ಮೈಸೂರು ಭೂಸುಧಾರಣಾ ಕಾಯ್ದೆಯನ್ನು ಪ್ರಶ್ನಿಸಿದ ಅರ್ಜಿಗಳೂ ಇವೆ. ಕೇಶವಾನಂದರು ಕಾಸರಗೋಡಿನ ಎಡನೀರು ಮಠದವರು, ನಮ್ಮ ಭಾಷೆಯವರು. 1980ರ ಮಿನರ್ವ ಮಿಲ್ಸ್ ಬೆಂಗಳೂರಿನ ಬಟ್ಟೆ ಗಿರಣಿ. 2011ರ ಕೆ.ಟಿ. ಪ್ಲಾಂಟೇಶನ್ ಕೇಸು ಬೆಂಗಳೂರಿನ ಹತ್ತಿರದ ರೋರಿಕ್ ಎಸ್ಟೇಟಿನದು. ಸಂವಿಧಾನದ ಕತೆ ದಿಲ್ಲಿಯಲ್ಲಿ ನಡೆಯಿತು ಅಂದುಕೊಂಡಿದ್ದೆ, ಅರ್ಧಕ್ಕರ್ಧ ನಮ್ಮ ಕನ್ನಡದವರೇ ಅರ್ಜಿದಾರರು.

ಆ 2011ರ ತೀರ್ಪು ಮುಳುಗಡೆಯವರು ಓದಲೇಬೇಕಾದದ್ದು. 300ಎಯಲ್ಲಿ ಪರಿಹಾರ ಅನ್ನುವ ಪದ ಇಲ್ಲ ಅಂದೆನಲ್ಲ. ಪದ ಇಲ್ಲದಿದ್ದರೂ ಸಾರ್ವಜನಿಕ ಉದ್ದೇಶ ಇರಲೇಬೇಕು, ಪರಿಹಾರದ ಪ್ರಶ್ನೆಯೂ ಆ ವಿಧಿಯ ಒಳಗೇ ಅಡಗಿದೆ ಅಂತ ಐವರ ಪೀಠ ಹೇಳಿತು. 2024ರ ಮೇ ತಿಂಗಳಲ್ಲಿ ಕೋಲ್ಕತ್ತ ನಗರಪಾಲಿಕೆಯ ಕೇಸಿನಲ್ಲಿ ಇಬ್ಬರ ಪೀಠ ಇನ್ನೂ ಬಿಡಿಸಿ, ಆ ಒಂದು ಸಾಲಿನಲ್ಲಿ ಏಳು ಹಕ್ಕುಗಳಿವೆ ಅಂತ ಎಣಿಸಿತು: ನೋಟಿಸ್ ಸಿಗಬೇಕು, ತಕರಾರು ಕೇಳಬೇಕು, ಕಾರಣ ಕೊಟ್ಟು ನಿರ್ಧರಿಸಬೇಕು, ಸಾರ್ವಜನಿಕ ಉದ್ದೇಶ ತೋರಿಸಬೇಕು, ನ್ಯಾಯವಾದ ಪರಿಹಾರ ಕೊಡಬೇಕು, ಕೆಲಸ ಹೊತ್ತಿಗೆ ಸರಿಯಾಗಿ ಆಗಬೇಕು, ಒಂದು ಕೊನೆ ಕಾಣಬೇಕು. 1949ರಲ್ಲಿ ಬಿಟ್ಟ ಪದ 75 ವರ್ಷ ಸುತ್ತಿ ವಾಪಸ್ ಬಂತು.

ತೀರ್ಪುಗಳು ಸುಪ್ರೀಂ ಕೋರ್ಟಿನ ಇ-ಎಸ್‌ಸಿಆರ್ ತಾಣದಲ್ಲಿ ಪುಕ್ಕಟೆ ಇವೆ, ಕೆಲವಕ್ಕೆ ಕನ್ನಡ ಅನುವಾದವೂ ಇದೆ. ಅನುವಾದ ಓದುವಾಗ ಸಂಶಯ ಬಂದರೆ ಇಂಗ್ಲಿಷ್ ಪ್ಯಾರಾ ನಂಬರ್ ಹಿಡಿದು ತಾಳೆ ನೋಡಿ.

ವ್ಯಾಖ್ಯಾನ ಕೊನೆಗೆ

ಈಗ ಆ ಇಟ್ಟಿಗೆ ತೆಗೆಯಬಹುದು. ಪರೀಕ್ಷೆಗೆ ಕೂತವರಿಗೆ ಡಿ.ಡಿ. ಬಸು ಅವರ ಪರಿಚಯ ಪುಸ್ತಕ ಸಾಕು. ಕಾನೂನು ವಿದ್ಯಾರ್ಥಿಗಳಿಗೆ ಎಂ.ಪಿ. ಜೈನ್. ಎಚ್.ಎಂ. ಸೀರವಾಯಿ ಅವರ ಸಂಪುಟಗಳು ಬೇರೆಯದೇ ತೂಕ, ಜಗಳಗಂಟ ಬರವಣಿಗೆ, ಒಪ್ಪದ ತೀರ್ಪನ್ನು ನೇರವಾಗಿ ತಪ್ಪು ಅನ್ನುತ್ತಾರೆ. ನನಗೆ ಅದೇ ಇಷ್ಟ. ಆದರೆ ಕೇಶವಾನಂದ ಕೇಸಿನಲ್ಲಿ ಅವರು ಕೇರಳ ಸರ್ಕಾರದ ಪರ ವಾದಿಸಿದವರು ಅನ್ನುವುದು ತಲೆಯಲ್ಲಿರಲಿ. ಬರೆದವರು ಯಾವ ಕಡೆಯ ಬೆಂಚಿನಲ್ಲಿ ಕೂತಿದ್ದರು ಅಂತ ತಿಳಿದು ಓದಿದರೆ ಪುಸ್ತಕ ಇನ್ನೂ ರುಚಿ. ಯಾವುದನ್ನೂ ಪೂರ್ತಿ ಓದಬೇಕಿಲ್ಲ, ನಿಮ್ಮ ವಿಧಿಯ ಅಧ್ಯಾಯ ಮಾತ್ರ. ಇಷ್ಟು ಹೊತ್ತಿಗೆ ನಿಮಗೇ ಒಂದು ಅಭಿಪ್ರಾಯ ಇರುತ್ತದೆ, ಪುಸ್ತಕದ ಜತೆ ಜಗಳ ಆಡಬಹುದು.

ನೋಟುಬುಕ್ಕು, ಮತ್ತೆ ಒಂದು ಎಚ್ಚರಿಕೆ

ಉದ್ದ ಗೆರೆಯ ಲೆಕ್ಕದ ಬುಕ್ಕು ತಗೊಂಡು ಒಂದೊಂದು ಬದಲಾವಣೆಗೆ ಒಂದು ಸಾಲು ಬರೆಯಿರಿ. ಯಾವ ದಿನ, ಯಾರು ಬದಲಾಯಿಸಿದರು, ಸಂಸತ್ತೋ ಕೋರ್ಟೋ, ಯಾವ ಪದ ಬಂತು, ಯಾವುದು ಹೋಯಿತು. ಕೊನೆಯಲ್ಲಿ ಒಂದು ಕಾಲಂ ಖಾಲಿ ಬಿಡಿ, ಆ ದಿನ ನಮ್ಮ ಮನೆಯಲ್ಲಿ ಏನು ನಡೆದಿತ್ತು ಅಂತ ಬರೆಯಲು. ನನ್ನ ಬುಕ್ಕಿನಲ್ಲಿ 1951ರ ಎದುರಿಗೆ ಕುಲಕರ್ಣಿ ಗೆಳೆಯನ ಅಜ್ಜನ ವತನ ಇದೆ, 1979ರ ಎದುರಿಗೆ ಅಪ್ಪನ ಮದುವೆ.

ಎಚ್ಚರಿಕೆ ಏನೆಂದರೆ, ಇದನ್ನೆಲ್ಲ ಓದಿ ನಿಮ್ಮ ಕೇಸು ನೀವೇ ನಡೆಸಲು ಹೋಗಬೇಡಿ. ನೋಟಿಸಿನಲ್ಲಿರುವ ಕಲಮುಗಳು ಸಂವಿಧಾನದವಲ್ಲ. ನಮ್ಮ ಮನೆಯದು 1894ರ ಭೂಸ್ವಾಧೀನ ಕಾಯ್ದೆಯ 4(1). ಕಡಿಮೆ ಪರಿಹಾರ ಅಂತ ಕೋರ್ಟಿಗೆ ಹೋಗಲು ಅದರಲ್ಲಿ ಕಲಂ 18 ಇತ್ತು. 2014ರ ಜನವರಿ 1ರಿಂದ ಜಾರಿಯಾದ 2013ರ ಹೊಸ ಕಾಯ್ದೆಯಲ್ಲಿ ಅದೇ ಕೆಲಸಕ್ಕೆ ಕಲಂ 64 ಇದೆ. ಎಲ್ಲಕ್ಕೂ ಗಡುವು ಇರುತ್ತದೆ, ನೀವು ಗೋಲಕನಾಥ ಓದುತ್ತ ಕೂತರೆ ಅದು ಕಾಯುವುದಿಲ್ಲ. ಅದಕ್ಕೆ ವಕೀಲರು.

ನನಗೆ ಈ ಒಂದು ಎಳೆ ಮುಗಿಸಲು ಭಾನುವಾರಗಳಲ್ಲಿ ಏಳು ತಿಂಗಳು ಹಿಡಿಯಿತು. ಮುಗಿದ ದಿನ ಅಪ್ಪನ ಮುಂದೆ ಬುಕ್ಕು ಬಿಚ್ಚಿ ಪೂರ್ತಿ ಹೇಳಿದೆ. ಎಲ್ಲ ಕೇಳಿಸಿಕೊಂಡು, "ಅಣೆಕಟ್ಟಿನ ಎತ್ತರ ಎಷ್ಟಿರಬೇಕು ಅಂತ ಹೇಳಾಂವ ಯಾರ ಹಂಗಾರ? ಅದನ್ನ ಓದಿಲ್ಲೇನು?" ಅಂದರು. ಅದು 262ನೇ ವಿಧಿ. ನದಿ ನೀರಿನ ಜಗಳದಲ್ಲಿ ಸುಪ್ರೀಂ ಕೋರ್ಟನ್ನೂ ಹೊರಗಿಡಬಹುದು ಅಂತ ಅದರ ಎರಡನೇ ಖಂಡ ಹೇಳುತ್ತದೆ. 1956ರ ನದಿ ನೀರಿನ ವಿವಾದ ಕಾಯ್ದೆ, ಕೃಷ್ಣೆಯ ನೀರು ಹಂಚಲು 1969ರಲ್ಲಿ ಶುರುವಾದ ಬಚಾವತ್ ನ್ಯಾಯಮಂಡಳಿ, ಆಮೇಲಿನ ನ್ಯಾಯಮಂಡಳಿಯ 2010ರ ಬ್ರಿಜೇಶ್ ಕುಮಾರ್ ತೀರ್ಪು, ಆಲಮಟ್ಟಿಯ ನೀರಿನ ಮಟ್ಟ 519.60 ಮೀಟರ್‌ನಿಂದ 524.256 ಮೀಟರ್. ಹೊಸ ಬುಕ್ಕು ತಂದಿದ್ದೇನೆ, ಸದ್ಯ ಮೊದಲ ಪುಟದಲ್ಲಿ ಅಪ್ಪನ ಪ್ರಶ್ನೆ ಮಾತ್ರ ಇದೆ.